ಮೈಗಳ್ಳ ಮಣ್ಣಿನ ಹಗೇವು

ತಡಸ,
ತಾ. ೧೮-೨-೧೯೪೪

ಹಂಸಭಾವಿಯ ನನ್ನ ಅಕ್ಕ ಅನ್ನವ್ವನಿಗೆ, ನಿನ್ನ ಬೆನ್ನಿಗೆ ಬಿದ್ದ ತಂಗಿ ಶಂಕ್ರವ್ವ ಕಾಲು ಮುಟ್ಟಿ ಬರೆಯುವುದೇನೆಂದರೆ,

ಇಲ್ಲಿ ಎಲ್ಲರೂ ಕ್ಷೇಮ. ಅಷ್ಟೇ ಅಲ್ಲ, ಇರಬೇಕಾದವರಿಗಿಂತ ಒಬ್ಬಳು ಹೆಚ್ಚಿಗೆ ಕ್ಷೇಮವಾಗಿದ್ದಾಳೆ. ಆ ಹೆಚ್ಚಿನವಳೇ ಈಗ ನಿನ್ನ ಪಡಸಾಲೆಯ ಕಂಬಕ್ಕೆ ಒರಗಿ ಕುಳಿತಿರಬೇಕು. ಮೊದಲು ಇಬ್ಬರಿಗೂ ನೀರು ಬೆಲ್ಲ ಕೊಡು. ಹಾನಗಲ್ಲಿನ ತನಕ ಇದ್ದಿಲ ಗ್ಯಾಸಿನ ಮೋಟಾರಿನಲ್ಲಿ, ಅಲ್ಲಿಂದ ಹಿರೇಕೆರೂರು ಹಾದು ಬಂಡಿಯಲ್ಲಿ ಬಂದಿದ್ದಾರೆ. ಮುಖ ತೊಳೆಯುವ ತನಕ ಯಾರು ಕಪ್ಪು ಯಾರು ಕೆಂಪು ಎಂಬುದು ನಿನಗೆ ತಿಳಿಯಲಾರದು.

ಪತ್ರ ಓದಿ ಹೇಳುವವಳು ನನ್ನ ಮಗಳು ಹೊನ್ನಿ. ನಾವಿಬ್ಬರೂ ಒಬ್ಬ ಮಾಸ್ತರನ ಮಕ್ಕಳಾದರೂ ನಿನ್ನ ಸರತಿಗೆ ಅಪ್ಪ “ಹೆಣ್ಣಿಗ್ಯಾಕ ಸಾಲಿ” ಎಂದ. ನನ್ನ ಸರತಿ ಬರುವಷ್ಟರಲ್ಲಿ ಅವ್ವನೊಡನೆ ವಾದ ಮಾಡಿ ದಣಿದಿದ್ದ. ಹಾಗಾಗಿ ನಾನು ಬರೆಯುತ್ತೇನೆ, ನೀನು ಕೇಳುತ್ತೀ. ಹೊನ್ನೀ, ಗಡಬಡಿಸಬೇಡ. ಸೇರದ ಮಾತು ಬಂದರೆ ನುಂಗಿ ಮುಂದಕ್ಕೆ ಹೋಗುವ ಚಟ ನಿನಗಿದೆ. ಇದರಲ್ಲಿ ಅಂಥವೇ ಬಹಳ. ಒಂದೂ ನುಂಗದೆ ಗಟ್ಟಿಯಾಗಿ ಓದು. ಪಕ್ಕದಲ್ಲಿ ಕುಳಿತವಳೂ ಕೇಳಲಿ. ಆಕೆಯ ಎದುರಿಗೆ ಹೇಳಲು ನನಗೆ ಬಾಯಿ ಬರಲಿಲ್ಲ. ಹಾಳೆಯ ಮೇಲೆ ನನ್ನಷ್ಟು ಧೈರ್ಯವಂತೆ ತಡಸದಲ್ಲೇ ಇಲ್ಲ.

ಅಕ್ಕಾ, ಕೈಯಲ್ಲಿ ಚರಿಗೆ ಇದ್ದರೆ ಕೆಳಗಿಡು. ಕುಳಿತವಳು ಚೌಡವ್ವ. ಹೌದು, ಅದೇ ಚೌಡವ್ವ. ಸತ್ತ ನನ್ನ ಸವತಿ.

ಕಿರುಚಿ ಮುಗಿಯಿತೇ? ಹಾಗಾದರೆ ಮುಂದೆ ಕೇಳು.

ನನ್ನ ಮದುವೆಯಲ್ಲಿ ತಾಳಿಯ ಜೊತೆಗೇ ಸವತಿ ಬಿಲ್ಲೆ ನನ್ನ ಕೊರಳಿಗೆ ಬಿದ್ದದ್ದನ್ನು ನೀನು ಕಣ್ಣಾರೆ ಕಂಡಿದ್ದೀ. ಸತ್ತ ಮೊದಲ ಹೆಂಡತಿಯ ಮುಖವನ್ನು ಬೆಳ್ಳಿಯಲ್ಲಿ ತಟ್ಟಿಸಿ ಎರಡನೆಯವಳು ಹಾಕಿಕೊಂಡರೆ ಸತ್ತವಳು ಕಾಡುವುದಿಲ್ಲ ಎಂದು ಹಿರಿಯರು ಹೇಳಿದರು. ಒಂಬತ್ತು ವರ್ಷ ಆಕೆಯನ್ನು ಎದೆಯ ಮೇಲೆ ಹೊತ್ತೆ. ಹೊಸ ಸೀರೆ ಬಂದರೆ ಮೊದಲು ಬಿಲ್ಲೆಗೆ ಮುಟ್ಟಿಸಿ ಉಟ್ಟೆ. ಹೋಳಿಗೆ ಮಾಡಿದರೆ ಹಿತ್ತಲಲ್ಲಿ ಆಕೆ ಸತ್ತ ಜೋಳದ ಹಗೇವಿನ ಬಾಯಿಗಲ್ಲಿಗೆ ಎಡೆ ಇಟ್ಟು ಆಮೇಲೆ ತಿಂದೆ. ಅಂಥ ಗುಣವಂತ ಸವತಿ ಮುಂಬಯಿ ಇಲಾಖೆಯಲ್ಲೇ ಇರಲಿಲ್ಲ. ಉಪ್ಪು ಹೆಚ್ಚಾಯಿತು ಅನ್ನಲಿಲ್ಲ, ಗಂಡನ ಕಡೆ ಓರೆಗಣ್ಣು ಬಿಡಲಿಲ್ಲ, ತೊಟ್ಟಿಲ ಮಗಳನ್ನು ನನ್ನ ಮಡಿಲಿಗೆ ಬಿಟ್ಟು ತುಟಿಪಿಟಕ್ಕೆನ್ನದೆ ಕಲ್ಲಿನ ಕೆಳಗಿದ್ದಳು.

ಆಕೆ ಸತ್ತ ಬಗೆ ನಿನಗೆ ಅರ್ಧ ಗೊತ್ತು. ಇನ್ನರ್ಧ ನಮಗೂ ಗೊತ್ತಿರಲಿಲ್ಲ. ನಮ್ಮ ಮಾವ ಗಿರಿಯಪ್ಪನವರು ಆ ವರ್ಷ ಜೋಳ ತುಂಬುವ ನೆಲದೊಳಗಿನ ಹಗೇವಿಗೆ ಹೊಸದಾಗಿ ಮಣ್ಣು ಮೆತ್ತಿಸಿದ್ದರು. ಮಣ್ಣು ಆಡೂರಿನದು. ಅಲ್ಲಿ ಒಂದು ಹಳೆಯ ಹೊಂಡದ ತಳದಲ್ಲಿ ಸಿಕ್ಕಿದ ನೀಲಿ ಮಣ್ಣು. ಊರವರು ಅದಕ್ಕೆ ‘ಮೈಗಳ್ಳ ಮಣ್ಣು’ ಎಂದು ಹೆಸರಿಟ್ಟಿದ್ದರಂತೆ. ಅದರ ಗಡಿಗೆಯಲ್ಲಿ ಬೆಚ್ಚಗಿನ ಹಾಲಿಗೆ ಹೆಪ್ಪು ಹಾಕಿಟ್ಟರೆ ಬೆಳಗಾದರೂ ಮೊಸರಿಲ್ಲ. ಹಾಲು ಹಾಲಾಗಿಯೇ ಇರುತ್ತಿತ್ತು, ಅದೂ ಬೆಚ್ಚಗೇ. “ಈ ಮಣ್ಣು ಕೆಲಸಾನ ಮಾಡವಲ್ದು” ಎಂದು ಹೆಂಗಸರು ಗಡಿಗೆ ಒಡೆದರು. ನಮ್ಮ ಮಾವನವರ ತಲೆ ಬೇರೆ. “ಮೊಸರಾಗದಿದ್ರ ಹುಳಾನೂ ಆಗೂದಿಲ್ಲ” ಎಂದು ಬಂಡಿಯಲ್ಲಿ ಹೇರಿಕೊಂಡು ಬಂದರು. ಬಿರುಕಿಲ್ಲದೆ ಸುತ್ತ ಮೆತ್ತಿದರೆ ಅದರೊಳಗೆ ಹೊತ್ತು ಕಾಲು ಚಾಚಿ ಕೂತುಬಿಡುತ್ತದೆ ಎಂಬುದು ಅವರಿಗೇನು ಗೊತ್ತು!

ಒಂದು ದಿನ ಬೀಗರು ಬಂದರು, ಹಿಟ್ಟು ಮುಗಿದಿತ್ತು, ಗಂಡಸರು ಹೊಲದಲ್ಲಿದ್ದರು. ಕೂಸಿಗೆ ಹಾಲೂಡಿಸಿ ತೊಟ್ಟಿಲಿಗೆ ಹಾಕಿ ಚೌಡವ್ವ ಬುಟ್ಟಿ ಹಿಡಿದು ಹಗ್ಗದಲ್ಲಿ ಇಳಿದಳು. ಅತ್ತೆ ಮೇಲೆ ನಿಂತು ಕೂಗಿದರು; ಉತ್ತರವಿಲ್ಲ. ಹಗೇವಿನ ಮಂದಿಗೆ ಒಂದು ಶಾಸ್ತ್ರವಿದೆಯಲ್ಲ, ದೀಪ ಕಟ್ಟಿ ಇಳಿಸು, ಆರಿದರೆ ಒಳಗೆ ಕೆಟ್ಟ ಗಾಳಿ, ಯಾರೂ ಇಳಿಯಬಾರದು ಎಂದು. ದೀಪ ಇಳಿಸಿದರು. ಹಗೇವಿನ ಕುತ್ತಿಗೆಯಿಂದ ಕೆಳಗೆ ಹೋದದ್ದೇ ಬೆಳಕು ಕಾಣದಾಯಿತು. ಮೇಲೆಳೆದರೆ ದೀಪ ಉರಿಯುತ್ತಲೇ ಇತ್ತು. ಆರಿದ ದೀಪ ತಾನಾಗಿ ಹೇಗೆ ಹೊತ್ತಿತು ಎಂದು ಒಬ್ಬರೂ ಕೇಳಲಿಲ್ಲ. ಶಾಸ್ತ್ರದಲ್ಲಿ ಆರುವುದಕ್ಕೆ ಅರ್ಥವಿತ್ತು, ಹೊತ್ತುವುದಕ್ಕೆ ಇರಲಿಲ್ಲ. ಅತ್ತು, ಕರೆದು, ಕಲ್ಲು ಮುಚ್ಚಿ, ಕುಂಕುಮ ಹಚ್ಚಿದರು. ಬೆಳಕಿಗೂ ಅಲ್ಲಿ ಮೈಗಳ್ಳತನ ಬಡಿದಿತ್ತು, ಮೇಲೆ ಹತ್ತಿ ಬರಲು ಅದಕ್ಕೆ ಬೇಸರ ಎಂದು ನಾವು ಈಗ ಪಂಡಿತರಂತೆ ಮಾತಾಡುತ್ತೇವೆ.

ಮೊನ್ನೆ ಬನದ ಹುಣ್ಣಿಮೆಯ ಮರುದಿನ, ಸರ್ಕಾರಕ್ಕೆ ಕೊಡಬೇಕಾದ ಲೆವಿ ಜೋಳ ಹುಡುಕುವವರು ಬಂದರು. ಯುದ್ಧ ಎಲ್ಲಿ ನಡೆದಿದೆಯೋ ನನಗೆ ಗೊತ್ತಿಲ್ಲ, ಆದರೆ ಅದು ಉಣ್ಣುವುದೆಲ್ಲ ನಮ್ಮ ಜೋಳವನ್ನೇ. ಸರ್ಕಲ್ ಸಾಹೇಬರು, ಲೆಕ್ಕ ಬರೆಯುವ ತಲಾಟಿ, ಹಾರೆ ಹೊತ್ತ ಬಂದೇಸಾಬ. ಅತ್ತೆ ತಿಪ್ಪವ್ವ ಕಲ್ಲಿಗೆ ಅಡ್ಡ ಮಲಗಿದರು.

“ಇದು ನನ್ನ ಸೊಸಿ ಗೋರಿ ಐತ್ರಿ ಸಾಹೇಬ್ರ, ಕೈ ಹಚ್ಚಬ್ಯಾಡ್ರಿ.”

“ಈ ಸೀಮ್ಯಾಗ ಎಲ್ಲೆಲ್ಲಿ ಜೋಳ ಐತೋ ಅಲ್ಲೆಲ್ಲಾ ಸೊಸ್ತ್ಯಾರು ಸತ್ತಾರಬೇ,” ಎಂದರು ಸಾಹೇಬರು. “ನಿನ್ನೆ ಒಂದೂರಾಗ ಅತ್ತಿ ಗೋರಿ ಅಗದ್ವಿ. ಅತ್ತಿ ಇರಲಿಲ್ಲ, ಚೀಲ ಇದ್ವು. ಬಂದೇಸಾಬ, ಹಾಕು ಹಾರಿ.”

ಬಂದೇಸಾಬ ಕಲ್ಲು ಸರಿಸಿ ಬಾಯಿಯ ಅಂಚಿಗೆ ಹಾರೆ ಕೊಟ್ಟು ಮೀಟಿದ. ಮೆತ್ತಿದ ನೀಲಿ ಮಣ್ಣಿನ ಗಿಲಾವು ಚಟ್ಟನೆ ಬಿರಿಯಿತು. ಒಳಗಿನಿಂದ ಸಿಟ್ಟಿನ ದನಿಯೊಂದು ಮೇಲೆ ಬಂತು:

“ಅತ್ತೀ, ಹಗ್ಗ ಎಳೀರಿ! ಬುಟ್ಟಿ ತುಂಬೇತಿ. ಎಷ್ಟಂತ ಕೂಗ್ಲಿ?”

ಬಂದೇಸಾಬ ಹಾರೆ ಒಗೆದು ಓಡಿದವನು ಆಮೇಲೆ ನೆರೆಮನೆ ಬಾನುಬಿಯ ಆಡಿನ ಹಟ್ಟಿಯಲ್ಲಿ ಸಿಕ್ಕ. ಆಡುಗಳ ನಡುವೆ ಆಡಿನಂತೆಯೇ ಕುಳಿತಿದ್ದ. ತಲಾಟಿ ಟಾಕನ್ನು ಬಾಯಲ್ಲಿಟ್ಟುಕೊಂಡ, ಮಸಿ ಇದ್ದ ತುದಿಯ ಕಡೆಯಿಂದ. ಸಾಹೇಬರು ಮಾತ್ರ ಕಾಯಿದೆ ಬಿಡದೆ ಹೆದರಿದರು. ಎದ್ದು ನಿಂತು, ಟೊಪ್ಪಿಗೆ ಸರಿಮಾಡಿಕೊಂಡು, ಆಮೇಲೆ ನಡುಗಿದರು.

ಯಾರೂ ಹಗ್ಗದ ಹತ್ತಿರ ಹೋಗಲಿಲ್ಲ. ನಾನೇ ಬಿಟ್ಟೆ. ಧೈರ್ಯದಿಂದಲ್ಲ ಅಕ್ಕಾ. ಹಗ್ಗ ಅನ್ನುವ ಮಾತು ಕೇಳಿದೊಡನೆ ಕೈ ತಾನೇ ಕೆಲಸ ಮಾಡಿತು, ಅಷ್ಟೇ. ಮೊದಲು ಬುಟ್ಟಿ ಬಂತು. ಆ ಜೋಳವನ್ನು ನೀನು ನೋಡಬೇಕಿತ್ತು, ಅದೇ ಈಗ ಕಣದಿಂದ ಎದ್ದು ಬಂದಂತಿತ್ತು. ಆಮೇಲೆ ಆಕೆ. ಇಪ್ಪತ್ತರ ಹುಡುಗಿ. ತುರುಬಿನಲ್ಲಿ ಸೇವಂತಿಗೆ, ಒಂದು ಎಸಳೂ ಬಾಡಿರಲಿಲ್ಲ. ಸೆರಗು ಕೊಡವಿ ಅತ್ತೆಯ ಕಡೆ ನೋಡಿದಳು.

“ಅಯ್ಯ, ತಲಿಗೆ ಸುಣ್ಣ ಯಾಕ ಬಡಕೊಂಡೀರಿ ಅತ್ತೀ?”

ಅತ್ತೆ ಕೂತಲ್ಲೇ ಗೋಡೆಗೆ ಒರಗಿ ಬಾಯಿ ತೆರೆದದ್ದು, ಸಂಜೆ ಚಹಾ ಹುಯ್ಯುವ ತನಕ ಮುಚ್ಚಲಿಲ್ಲ.

ಅಷ್ಟರಲ್ಲಿ ಒಳಗೆ ಕೂಸು ಅತ್ತಿತು. ನನ್ನದು, ಮೂರು ತಿಂಗಳ ಗಿರಿಯ. ಎಂಟು ವರ್ಷ ಹರಕೆ ಹೊತ್ತು ಹೆತ್ತ ಮಗನಿಗೆ ನನ್ನ ಎದೆಯ ಹಾಲು ಎರಡೇ ತಿಂಗಳಿಗೆ ಬತ್ತಿದ್ದು ನಿನಗೆ ತಿಳಿದಿದೆ. ಬಾನುಬಿಯ ಆಡಿನ ಹಾಲು ಕುಡಿಸುತ್ತಿದ್ದೆ. ಅರ್ಧ ಕುಡಿದು ಮುಕ್ಕಾಲು ಕಕ್ಕುತ್ತಿದ್ದ. ಚೌಡವ್ವ ಬುಟ್ಟಿ ಬಿಟ್ಟು, “ಅಯ್ಯ ನನ್ನ ಕೂಸು, ಈಗರ ಕುಡಿಸಿ ಹೋಗಿದ್ನೆಲ್ಲೋ” ಎಂದು ಒಳಗೆ ಓಡಿದಳು. ಅದೇ ನಡುಮನೆ, ಅದೇ ತೊಟ್ಟಿಲು. ನಾನು ಹಿಂದೆ ಓಡಿದೆ. ಹೊಸ್ತಿಲಲ್ಲಿ ನಿಂತೆ. ಆಕೆ ಆಗಲೇ ಕೂತು, ಕೂಸಿನ ಮೇಲೆ ಸೆರಗು ಮುಚ್ಚಿದ್ದಳು. ನನ್ನ ಮಗ ಗಟಗಟ ಕುಡಿಯುವ ಸದ್ದು ಹೊಸ್ತಿಲ ತನಕ ಕೇಳಿಸಿತು.

“ಅದು ನನ್ನದು” ಅನ್ನಬೇಕಿತ್ತು. ಅಂದರೆ ಬಿಡಿಸಬೇಕಿತ್ತು. ಹೊಟ್ಟೆ ತುಂಬಿ ನನ್ನ ಮಗ ಬೆರಳು ಸಡಿಲ ಬಿಟ್ಟದ್ದನ್ನು ನನ್ನ ಹಾಲು ಬತ್ತಿದ ಮೇಲೆ ನಾನು ಅಂದೇ ಮೊದಲು ನೋಡಿದ್ದು. 

ಆಮೇಲೆ 	ಆಕೆ ಒದ್ದೆ ಅರಿವೆ ತೆಗೆಯಲು ಹೋದಳು. ಮನೆ ಹಾರಿಹೋಗುವಂತೆ ಕೂಗಿದಳು.

“ಅತ್ತೀ! ಇದು ಗಂಡೈತಿ! ಒಂದ ಬುಟ್ಟಿ ಜೋಳ ತರೂದ್ರಾಗ ನನ್ನ ಹೆಣ್ಣ ಕೂಸು ಗಂಡು ಹೆಂಗಾತು?”

ಅಕ್ಕಾ, ನಾನು ನಕ್ಕುಬಿಟ್ಟೆ. ಅಂಜಿಕೆಗೆ ಕೆಲವರು ಉಚ್ಚೆ ಹೊಯ್ದುಕೊಳ್ಳುತ್ತಾರೆ, ನನಗೆ ನಗು ಬರುತ್ತದೆ. ಆಗ ಆಕೆ ನನ್ನನ್ನು ನೋಡಿದಳು.

“ನೀ ಯಾರವಾ?”

“ಶಂಕ್ರವ್ವ.”

“ಕೊಳ್ಳಾಗ ಏನದು?”

“ನೀನು.”

ಹತ್ತಿರ ಬಂದು ಬಿಲ್ಲೆಯನ್ನು ಬೆರಳಲ್ಲಿ ಎತ್ತಿ ನೋಡಿದಳು. ತಿರುಗಿಸಿ ನೋಡಿದಳು. “ನನ್ನ ಮೂಗು ಹಿಂಗ ಚಪ್ಪಟಿ ಐತೇನು?”

“ಅಕ್ಕಸಾಲಿ ನಿನ್ನ ನೋಡಿರಲಿಲ್ಲ,” ಅಂದೆ. ಬೇರೆ ಯಾವ ಉತ್ತರ ಕೊಡಲಿ ಹೇಳು.

ಸುದ್ದಿ ಕೇಳಿ ನಮ್ಮ ಮನೆಯವರು ಹೊಲದಿಂದ ಓಡಿ ಬಂದರು. ಈಚೆಗೆ ಅವರಿಗೆ ಹೊಟ್ಟೆ ಬಂದಿದೆ, ಮೀಸೆ ಬೆಳ್ಳಗಾಗಿದೆ, ತಲೆ ನಡುವೆ ಕಣ ಮಾಡಿದಂತೆ ಖಾಲಿಯಾಗಿದೆ. ದಿನೇ ದಿನೇ ಸತ್ತ ಅಪ್ಪನ ಹಾಗೆ ಕಾಣುತ್ತಾರೆ. ಚೌಡವ್ವ ಬಾಗಿಲಲ್ಲಿ ಅವರನ್ನು ಕಂಡವಳೇ ತಲೆಯ ಮೇಲೆ ಸೆರಗೆಳೆದು ಗೋಡೆಗೆ ಸರಿದು, “ಮಾವಾರು ಬಂದ್ರು” ಎಂದು ನನ್ನ ಕಿವಿಯಲ್ಲಿ ಹೇಳಿದಳು. ಅದು ಅವರಿಗೂ ಕೇಳಿಸಿತು. “ಚೌಡೀ” ಎಂದರು. ದನಿಗೆ ಆಕೆ ತಲೆಯೆತ್ತಿದಳು. ಕಣ್ಣು ಅವರ ಮುಖದ ಮೇಲೆಲ್ಲ ಅಲೆದಾಡಿ, ಎಲ್ಲಿಯೂ ಕೂರಲು ಜಾಗ ಸಿಗದೆ ನೆಲಕ್ಕಿಳಿಯಿತು. ಅವರು ಹೊಸ್ತಿಲ ಮೇಲೆ ಕುಸಿದು ಕೂತರು. 

ಹೊರಗೆ ಸಾಹೇಬರು ತಲಾಟಿಯೊಡನೆ ಪಿಸುಗುಡುತ್ತಿದ್ದರು. ಜೋಳ ಮುಚ್ಚಿಟ್ಟರೆ ಯಾವ ಕಲಮು ಎಂದು ಅವರಿಗೆ ಬಾಯಿಪಾಠ. ಹೆಂಡತಿಯನ್ನು ಮುಚ್ಚಿಟ್ಟರೆ ಯಾವುದು ಎಂದು ಪುಸ್ತಕದಲ್ಲಿ ಸಿಗಲಿಲ್ಲ. ಕೊನೆಗೆ ಜೋಳ ಒಯ್ದು, ಹಗೇವಿನ ಬಾಯಿಗೆ ದಾರ ಕಟ್ಟಿ ಅರಗಿನ ಮೊಹರು ಒತ್ತಿ, ಕಚೇರಿಯ ಹುಕುಂ ಇಲ್ಲದೆ ಯಾರೂ ಕೈ ಹಚ್ಚಬಾರದೆಂದು ಹೇಳಿ ಹೋದರು.

ಬಾನುಬಿ ಬಂದು ಚೌಡವ್ವನ ಕೈ ಹಿಡಿದು ಎಲ್ಲವನ್ನೂ ಹೇಳಿದಳು. ಹನ್ನೊಂದು ವರ್ಷವಾಯಿತು, ಮಾವ ಹೋದರು, ನಿನ್ನ ಅವ್ವ ಅಪ್ಪನೂ ಹೋದರು. ಚೌಡವ್ವ ಎಲ್ಲದಕ್ಕೂ ತಲೆಯಾಡಿಸಿದಳು. ಸಂತೆಯಲ್ಲಿ ಬೇರೆಯವರ ಜಗಳ ಕೇಳಿದಂತೆ ಕೇಳಿದಳು. ಕೊನೆಗೆ, “ನನ್ನ ಕೂಸು ಎಲ್ಲೈತಿ?” ಅಂದಳು.

ಆ ಹೊತ್ತಿಗೇ ಹೊನ್ನಿ ಪಾಟಿಚೀಲ ಹೆಗಲಿಗೆ ಹಾಕಿಕೊಂಡು ಶಾಲೆಯಿಂದ ಬಂದಳು. ಚೌಡವ್ವ ಎದ್ದು ನಿಂತಳು. ಎರಡು ತೋಳನ್ನೂ ತೊಟ್ಟಿಲಿನ ಕೂಸನ್ನು ಎತ್ತುವ ಅಳತೆಗೆ ಬಾಗಿಸಿ ಹಿಡಿದಿದ್ದಳು. ಎದುರಿಗೆ ನಿಂತ ಹುಡುಗಿ ಆಕೆಯ ಭುಜಕ್ಕೆ ಬರುತ್ತಿದ್ದಳು. ತೋಳು ಹಾಗೇ ಉಳಿದವು.

ಹೊನ್ನಿ ನನ್ನ ಬೆನ್ನ ಹಿಂದೆ ಸೇರಿಕೊಂಡು, “ಅವ್ವಾ, ಈಕಿ ಯಾಕ ಹಂಗ ನೋಡಾಕತ್ತಾಳ? ಹೋಗಂತ ಹೇಳು” ಅಂದಳು. ಯಾರೆಂದು ನಾನು ಹೇಳಿದ ಮೇಲೆ ಬಾನುಬಿಯ ಅಟ್ಟ ಹತ್ತಿ ಕೂತಳು, ಊಟಕ್ಕೂ ಇಳಿಯಲಿಲ್ಲ. ಹೊನ್ನೀ, ನುಂಗಬೇಡ ಎಂದು ಮೊದಲೇ ಹೇಳಿದ್ದೇನೆ, ಓದು. ಮುಂದಿನದು ನನ್ನ ಸರತಿ. “ಹೋಗಂತ ಹೇಳು” ಅಂದಾಗ ನನಗೆ ಹಿಗ್ಗಾಯಿತು, ಅಕ್ಕಾ. ಗಂಡನನ್ನು ಹಂಚಿಕೊಳ್ಳೆಂದರೆ ಸಂಜೆಗೆ ಕಟ್ಟಿ ಕಳಿಸುತ್ತಿದ್ದೆ, ಬೆಳಗಿಗೆ ಆಕೆಯೇ ವಾಪಸು ತಂದು ಬಿಡುತ್ತಿದ್ದಳು, ಆ ಗೊರಕೆ ಕೇಳಿ. ಆದರೆ ಹೊನ್ನಿ ಹೋದರೆ ಈ ಮನೆಯಲ್ಲಿ ನಾನು ಯಾರು? ನಡೆಯುವ ಕೂಸಾಗಿದ್ದಾಗ ನನ್ನ ಸೀರೆಯ ಚುಂಗು ಹಿಡಿದವಳು ಇನ್ನೂ ಬಿಟ್ಟಿರಲಿಲ್ಲ. ಅದನ್ನು ಯಾರಾದರೂ ಬಿಡಿಸಿಬಿಡುತ್ತಾರೆ ಎಂಬ ಭಯವೊಂದೇ ಅಂದಿನಿಂದ ನನ್ನ ಅನ್ನ, ನನ್ನ ನಿದ್ದೆ.

ಆಮೇಲಿನ ದಿನಗಳ ಚೆಂದ ಕೇಳು. ಸುತ್ತಲ ಹಳ್ಳಿಯ ಮಂದಿ ಬಂಡಿ ಕಟ್ಟಿಕೊಂಡು ಬಂದು ಚೌಡವ್ವನ ಮುಂದೆ ತೆಂಗಿನಕಾಯಿ ಒಡೆದರು. “ನಮ್ಮ ಮುತ್ಯಾ ಅಲ್ಲಿ ಸಿಕ್ಕಿದ್ನೇನವಾ, ಬಂಗಾರದ ಉಂಗುರ ಎಲ್ಲಿ ಇಟ್ಟಾನಂತ ಕೇಳಿದ್ಯಾ?” ಎಂದು ಒಬ್ಬ ಮುದುಕಿ ಕೇಳಿದಳು. ಒಡೆದ ಗಿಲಾವಿನ ಚೂರನ್ನು ಹೆಂಗಸರು ಕದ್ದು ಮುಖಕ್ಕೆ ಹಚ್ಚಿಕೊಂಡರು. ನಮ್ಮ ಅತ್ತೆಯೂ ಹಚ್ಚಿಕೊಂಡರು, ತುರಿಕೆ ಎದ್ದಿತು. ನನಗಂತೂ ಆಕೆಯನ್ನು ಏನೆಂದು ಕರೆಯಬೇಕೆಂಬುದೇ ಸಂಕಟ. ವರಸೆಯಲ್ಲಿ ಅಕ್ಕ, ವಯಸ್ಸಿನಲ್ಲಿ ತಂಗಿ. ಹಾಗಾಗಿ “ಇಕಾ”, “ಕೇಳಿಲ್ಲಿ” ಎನ್ನುತ್ತ ಗಂಡಹೆಂಡಿರಂತೆ ದಿನ ದೂಡಿದೆವು. ಆಕೆ ಹೊತ್ತು ಹೊತ್ತಿಗೆ ಗಿರಿಯನಿಗೆ ಹಾಲೂಡಿಸುತ್ತಿದ್ದಳು.  ಹೊನ್ನಿ ಹಾದುಹೋದರೆ ಮಾತ್ರ ಕಣ್ಣು ಬೆನ್ನು ಹತ್ತುತ್ತಿತ್ತು.

ಸವಣೂರಿನಿಂದ ಆಕೆಯ ತಮ್ಮ ಉಳಿವೆಪ್ಪ ಬಂದ. ಅಕ್ಕ ಇಳಿದಾಗ ಆತ ಇನ್ನೂ ಮೀಸೆ ಮೂಡದವನು. ಈಗ ಎಲೆಬಳ್ಳಿ ತೋಟದ ಯಜಮಾನ, ಅಕ್ಕನಿಗಿಂತ ಹಿರಿಯನ ಹಾಗೆ ಕಾಣುತ್ತಾನೆ. ವೀಳ್ಯದೆಲೆಯ ಕಟ್ಟನ್ನು ಆಕೆಯ ಮುಂದಿಟ್ಟು ಅತ್ತ. “ಮನಿ ಸಣ್ಣದೈತಿ ಅಕ್ಕಾ, ನಮ್ಮಾಕಿಗೆ ಅಂಜಿಕಿ ಭಾಳ” ಎಂದ. ಎಲೆಕಟ್ಟು ಬಿಟ್ಟು, ಅಕ್ಕನನ್ನೂ ಬಿಟ್ಟು ಹೋದ. ಊರ ಪಂಚರು ಕೂತು, ಹೊನ್ನಿ ತಂದೆಯ ಕೂಸು, ತಂದೆಯ ಮನೆಯಲ್ಲೇ ಇರಬೇಕು ಎಂದು ತೀರ್ಪು ಕೊಟ್ಟರು. ನಮ್ಮ ಮನೆಯವರು ಯಾರ ಮುಖವನ್ನೂ ನೋಡಲಿಲ್ಲ. ಅತ್ತೆ ಮಗನ ಹೆಸರು ಹಿಡಿದು, “ಏನರ ಮಾತಾಡಲೇ ಗುದ್ಲ್ಯಾ” ಎಂದು ತಿವಿದರೂ ಟೊಂಕಕ್ಕೆ ಕೈಕೊಟ್ಟು ಕೂತೇ ಇದ್ದರು. ಚೌಡವ್ವ ತಾನೇ ಎದ್ದು ಹೇಳಿದಳು:

“ನನ್ನ ಅಲ್ಲೇ ಇಟ್ಟು ಮುಚ್ಚಿಬಿಡ್ರಿ. ಅಲ್ಲಿ ಇದ್ದಾಗ ನನ್ನ ಕೂಸು ತೊಟ್ಟಿಲದಾಗಽ ಇತ್ತು.”

ಯಾರೂ ಅದನ್ನು ಮಾತೆಂದು ಹಿಡಿಯಲಿಲ್ಲ. ಅಳುವವರ ಮಾತು ಎಂದುಕೊಂಡೆವು.

ಅವರಾತ್ರಿ ಅಮಾವಾಸ್ಯೆಯ ದಿನ, ಮಧ್ಯಾಹ್ನ, ಎಲ್ಲರೂ ಉಂಡು ಅಡ್ಡಾಗಿದ್ದಾಗ ಹಿತ್ತಲಿಗೆ ಹೋದೆ. ಹಗೇವಿನ ಮೊಹರು ಒಡೆದಿತ್ತು. ಕಾಲವನ್ನೇ ಲೆಕ್ಕಕ್ಕೆ ಹಿಡಿಯದವಳು ಅರಗನ್ನು ಲೆಕ್ಕಕ್ಕೆ ಹಿಡಿಯುತ್ತಾಳೆಯೇ? ಬಗ್ಗಿ ನೋಡಿದೆ. ಚೌಡವ್ವ ಕೆಳಗೆ, ಬಿದ್ದ ನೀಲಿ ಚೂರುಗಳನ್ನೆಲ್ಲ ನೀರಲ್ಲಿ ಕಲಸಿ, ಬಿರುಕಿಗೆ ಮೆತ್ತುತ್ತಿದ್ದಳು. ಒಳ್ಳೆ ಗೃಹಿಣಿಯಂತೆ, ಅಂಗೈಯಿಂದ ಸವರಿ ಸವರಿ.

ಇಲ್ಲಿ ನಾನು ತಮಾಷೆ ಮಾಡುವುದಿಲ್ಲ. ನಾನು ಅಲ್ಲಿ ನಿಂತೆ. ಇನ್ನೊಂದು ಹಿಡಿ ಮಣ್ಣು ಬಿದ್ದರೆ ಮುಗಿಯಿತು. ಕಲ್ಲು ಎಳೆದುಬಿಟ್ಟರೆ ಹೊನ್ನಿ ನನ್ನವಳು. ಆಕೆಗೂ ನೋವಿಲ್ಲ, ಆಕೆಯೇ ಬೇಡಿದ್ದು. ಬಿಲ್ಲೆ ಹೇಗೂ ಕೊರಳಲ್ಲೇ ಇದೆ. ಎಷ್ಟು ಹೊತ್ತು ನಿಂತೆನೋ ತಿಳಿಯದು. ಕಲ್ಲಿನ ಮೇಲೆ ಕೈ ಇಟ್ಟಿದ್ದೆ. ಚೌಡವ್ವಾ, ನೀನು ಕೇಳುತ್ತಿದ್ದೀ ಎಂದು ಗೊತ್ತಿದ್ದೇ ಇದನ್ನು ಬರೆದು ಓದಿಸುತ್ತಿದ್ದೇನೆ.

ಆಮೇಲೆ ಮನೆಯೊಳಗೆ ಗಿರಿಯ ಕೆಮ್ಮಿದ. ಇವಳು ಹೋದರೆ ಅವನಿಗೆ ಹಾಲು ಯಾರು ಕೊಡುತ್ತಾರೆ ಎಂಬ ಸ್ವಾರ್ಥವೇ ನನ್ನನ್ನು ಹಗ್ಗಕ್ಕೆ ತಳ್ಳಿತು, ಪುಣ್ಯವಂತಳೆಂದು ತಿಳಿಯಬೇಡ. ಇಳಿದು ಆಕೆಯ ಕೈ ಹಿಡಿದೆ. ಅಷ್ಟರಲ್ಲಿ ಆ ಕೊನೆಯ ಹಿಡಿ ಮೆತ್ತಿಯಾಗಿತ್ತು. ಅದು ನನಗೆ ತಿಳಿಯಲಿಲ್ಲ. ಒಳಗೆ ಏನೂ ಅನ್ನಿಸುವುದಿಲ್ಲ ಅಕ್ಕಾ. ಮಣ್ಣಿನ ತಂಪು ವಾಸನೆ, ಅಷ್ಟೇ.

“ಏಳು ಮ್ಯಾಲಕ್ಕ,” ಅಂದೆ.

“ಆಕಿಗೆ ಜ್ವರ ಬಂದಾಗ ಯಾರನ್ನ ಕರೀತಿದ್ಲು?” ಎಂದು ಕೇಳಿದಳು.

“ಅವ್ವಾ ಅಂತಿದ್ಲು.”

“ಯಾವ ಅವ್ವನ್ನ?”

ನಾನು ಬಾಯಿ ತೆರೆಯುವಷ್ಟರಲ್ಲಿ ಮೇಲಿನಿಂದ ಗಿಲಾವು ಒಡೆದು ನಮ್ಮಿಬ್ಬರ ತಲೆಯ ಮೇಲೆ ಬಿತ್ತು. ಹಾರೆ ಹಿಡಿದು ಹೊನ್ನಿ ನಿಂತಿದ್ದಳು, ಕಣ್ಣು ಬಾತುಕೊಂಡು, ಕೂದಲು ಕೆದರಿಕೊಂಡು. “ಇಬ್ರೂ ಏರ್ರಿ ಮ್ಯಾಲ! ಇಬ್ರೂ ಸೇರಿ ನನ್ನ ಕೊಲ್ಲಾಕ ಮಾಡೀರೇನು? ಯಾರ ಹುಕುಂ ಬ್ಯಾಡ ನನಗ!” ಎಂದು ಒದರುತ್ತಿದ್ದಳು.

ಬೈಗುಳ ನನಗೆ ಅರ್ಥವಾಗಲಿಲ್ಲ. ಹತ್ತಿ ಬಂದ ಮೇಲೆ ಅರ್ಥವಾಯಿತು. ಅಮಾವಾಸ್ಯೆಗೆ ಇಳಿದವರು ಭಾರತ ಹುಣ್ಣಿಮೆಗೆ ಹತ್ತಿದ್ದೆವು. ಮೂರು ಮಾತಿನ ನಡುವೆ ಚಂದ್ರ ಖಾಲಿಯಿಂದ ತುಂಬಿದ್ದ. ಒಡೆದು ಕೂಡಿಸಿದ ಮಣ್ಣಿಗೆ ಮೊದಲಿನ ಕಸುವಿರಲಿಲ್ಲ; ಇದ್ದಿದ್ದರೆ ಹೊನ್ನಿಯ ಮೊಮ್ಮಕ್ಕಳು ನಮ್ಮನ್ನು ಎತ್ತುತ್ತಿದ್ದರು. ನಮ್ಮ ಮನೆಯವರು ಅಷ್ಟೂ ದಿನ ಹುಕುಮಿಗಾಗಿ ಕಚೇರಿಗೆ ಅಲೆದರು. ಸಾಹೇಬರು ಊರೂರು ಸುತ್ತುವ ಫಿರತಿಯ ಮೇಲಿದ್ದರು. ಮೊಹರು ಬಿದ್ದ ಹಗೇವಿಗೆ ಕೈ ಹಚ್ಚಿದರೆ ಜೇಲು ಎಂದು ಊರೆಲ್ಲ ಕೈ ಕಟ್ಟಿ ನಿಂತಿತ್ತು. ಪಂಚರು ಚರ್ಚೆ ಮಾಡುತ್ತಲೇ ಇದ್ದರು. ಹೊನ್ನಿಯೊಬ್ಬಳಿಗೆ ಚರ್ಚೆ ಸಾಕಾಗಿತ್ತು.

ಒಳಗೆ ಓಡಿದೆ. ಗಿರಿಯ ಆಡಿನ ಹಾಲಿನಲ್ಲೇ ಬದುಕಿದ್ದ, ಸೊರಗಿದ್ದ. ಚಾಪೆಯ ಮೇಲೆ ಬೋರಲು ಬಿದ್ದು ತಲೆ ಎತ್ತಿ ನನ್ನನ್ನು ನೋಡಿದ. ಅಕ್ಕಾ, ನಾನು ಇಳಿದಾಗ ಅವನು ಅಂಗಾತ ಮಲಗುವ ಕೂಸು. ಅತ್ತೆ ಹಿಗ್ಗಿನಿಂದ, “ಹೋದ ಸೋಮವಾರ ಮಗುಚಿ ಬಿದ್ದ ನೋಡು! ಓಣಿಗೆಲ್ಲಾ ಪುಟಾಣಿ ಬೆಲ್ಲ ಹಂಚೇನಿ” ಅಂದರು. ಓಣಿಯವರೆಲ್ಲ ನೋಡಿದ್ದರು. ಬಾನುಬಿ ನೋಡಿದ್ದಳು. ಬಂದೇಸಾಬ ಸಹ ಯಾವುದೋ ಕಾಗದ ಕೊಡಲು ಬಂದವನು ನೋಡಿದ್ದನಂತೆ.

ಮಗುಚಿ ಬಿದ್ದದ್ದು, ಅಷ್ಟೇ. ಎಲ್ಲ ಕೂಸೂ ಬೀಳುತ್ತವೆ. ಅದಕ್ಕೆ ನಾನು ನೆಲಕ್ಕೆ ಕೂತು, ಎದೆ ಬಡಿದುಕೊಂಡು ಗೋಳಾಡಿದೆ. ಹುಚ್ಚು ಹಿಡಿಯಿತೆಂದು ಅತ್ತೆ ನಿಂಬೆಹಣ್ಣು ನಿವಾಳಿಸಿದರು. ಚೌಡವ್ವ ಬಂದು ಪಕ್ಕದಲ್ಲಿ ಕೂತಳು. ಕೂಸನ್ನು ಎತ್ತಿ ಹಾಲಿಗೆ ಹಚ್ಚಿಕೊಂಡು, ಇನ್ನೊಂದು ಕೈಯಿಂದ ನನ್ನ ಕಣ್ಣು ಒರೆಸಿ, “ಅಳಬ್ಯಾಡ ಸುಮ್ನಿರು. ನಾಳೆ ಮತ್ತ ಬೀಳ್ತಾನ” ಅಂದಳು.

ಬೀಳುತ್ತಾನೆ, ನಿಜ. ಆದರೆ ಆಕೆಗೆ ಮತ್ತೆ ಬೀಳುವ ಕೂಸು ಇಲ್ಲ. ಆಕೆ ಅದನ್ನು ಹೇಳಲಿಲ್ಲ. ಒಂದು ಮಾತು ಅಂದಿದ್ದರೆ ನಾನು ಜಗಳ ಕಾಯುತ್ತಿದ್ದೆ, ಗೆಲ್ಲುತ್ತಿದ್ದೆ ಕೂಡ. ಜಗಳದಲ್ಲಿ ನಾನು ಸೋತದ್ದನ್ನು ನೀನು ಎಂದೂ ಕಂಡಿಲ್ಲ.

ಹಗೇವಿನ ಮಣ್ಣನ್ನೆಲ್ಲ ಕೆತ್ತಿಸಿ ತಿಪ್ಪೆಗೆ ಹಾಕಿಸಿದೆ. ಆದಕಾರಣ ಅಕ್ಕಾ, ಬೇಡಿಕೆ ಇಷ್ಟು. ಇಲ್ಲಿ ಮಂದಿ ಆಕೆಯನ್ನು ದೇವಿ ಮಾಡುತ್ತಿದ್ದಾರೆ. ಇನ್ನು ಸ್ವಲ್ಪ ದಿನಕ್ಕೆ ಗುಡಿ ಕಟ್ಟಿ ಬಾಗಿಲು ಹಾಕುತ್ತಾರೆ. ನಿನ್ನ ಊರಲ್ಲಿ ಆಕೆ ಯಾರಿಗೂ ಗೊತ್ತಿಲ್ಲ. ಸವಣೂರಿನವಳು, ಎಲೆ ಕಟ್ಟುವುದರಲ್ಲಿ ಕೈ ಚುರುಕು, ದುಡಿದು ತಿನ್ನುತ್ತಾಳೆ. ಗಿರಿಯ ಈಗ ರಾಗಿ ಗಂಜಿಗೆ ಒಗ್ಗಿದ್ದಾನೆ, ಅವನ ಚಿಂತೆ ಬೇಡ. ಕೇಳಿದವರಿಗೆ ಆಕೆಯೂ ಹೊನ್ನಿಯೂ ಅಕ್ಕ ತಂಗಿ ಎಂದು ಹೇಳು, ನಂಬುತ್ತಾರೆ. ಹೊನ್ನಿ ಉಗಾದಿಯ ತನಕ ಆಕೆಯ ಜೊತೆಗಿರಲಿ. ಅಲ್ಲಿನ ಶಾಲೆಗೆ ಹೋಗಲಿ. ಮೊದಮೊದಲು ಮುಖ ತಿರುವಬಹುದು, ನೀನು ನಡುವೆ ಬಾಯಿ ಹಾಕಬೇಡ. ಮುಖ ತಿರುವುವುದಕ್ಕೂ ಹತ್ತಿರ ಕೂರಲೇಬೇಕಲ್ಲ.

ನಮ್ಮ ಮನೆಯವರು ನಿಮ್ಮೆಲ್ಲರ ಕ್ಷೇಮ ಕೇಳಿದ್ದಾರೆ. ಅವರು ಈಗ ದಿನಾ ಕನ್ನಡಿ ನೋಡುತ್ತಾರೆ.

ನಿನ್ನ ತಂಗಿ,
ಶಂಕ್ರವ್ವ

ತಾ. ಕ.: ಹೊನ್ನೀ, ಇಲ್ಲಿಂದ ಮುಂದೆ ಮನಸ್ಸಿನಲ್ಲೇ ಓದಿಕೋ. ಉಗಾದಿಯ ತನಕ ಎಂದದ್ದು ಸುಳ್ಳು. ಇಷ್ಟು ಭಾರ ಯಾಕವಾ ಎಂದು ನೀನು ಕೇಳಿದ ಆ ಪೆಟ್ಟಿಗೆಯಲ್ಲಿ ಶೇಂಗಾ ಇಲ್ಲ. ನಿನ್ನ ಅಷ್ಟೂ ಬಟ್ಟೆ ಇವೆ, ಒಂದೂ ಹಿಂದೆ ಉಳಿಸಿಕೊಂಡಿಲ್ಲ. ಮೋಟಾರಿನ ಹತ್ತಿರ ಹೇಳಿದ್ದರೆ ನೀನು ಹತ್ತುತ್ತಿರಲಿಲ್ಲ, ನಾನು ಹತ್ತಿಸುತ್ತಿರಲಿಲ್ಲ. ಬರಬೇಕೆನಿಸಿದ ದಿನ ಬಾ, ಬಾಗಿಲು ನಿನ್ನದೇ. ಆದರೆ ನನಗಾಗಿ ಬರಲೇಬೇಕೆಂದು ಬರಬೇಡ. ಆಕೆಗೆ ನಿನ್ನ ತಲೆ ಬಾಚಲು ಬರುವುದಿಲ್ಲ, ಆಕೆ ಬಿಟ್ಟುಹೋದಾಗ ನಿನಗೆ ಕೂದಲೇ ಇರಲಿಲ್ಲ. ಇಂದು ಸಂಜೆ ಬಾಚಣಿಗೆ ತೆಗೆದುಕೊಂಡು ಹೋಗಿ ಆಕೆಯ ಮುಂದೆ ಬೆನ್ನು ಮಾಡಿ ಕೂಡು. ಸಿಕ್ಕು ಎಳೆದರೆ ನೋವಾದರೂ ಸುಮ್ಮನಿರು.

ಈಗ ಇಬ್ಬರೂ ನಿನ್ನ ಮುಖವನ್ನೇ ನೋಡುತ್ತಿರುತ್ತಾರೆ. ಕೊನೆಗೆ ಏನು ಬರೆದಾಳ ಎಂದು ಕೇಳಿದರೆ, ಅವ್ವ ಮತ್ತೇನೋ ಚೇಷ್ಟೆ ಬರೆದಾಳ ಎಂದು ಹೇಳಿ ಸ್ವಲ್ಪ ನಗು. ನಂಬುತ್ತಾರೆ.